ಕ್ಯಾಪ್ಟನ್ ಸುಮ್ಮನಾದಾಗ ಕಿಟ್ಟಣ್ಣ ಮಾತಾಡಿದ್ದು

ಸಲ್ಮಾಬಾದ್, ಬಹ್ರೇನ್
9 ಅಕ್ಟೋಬರ್ 1993

ನಮ್ಮ ಅಕ್ಕನನ್ನು ಮದುವೆಯಾಗಿ ನಮ್ಮ ಮನೆಯ ಗಲಾಟೆಯನ್ನು ಅರ್ಧಕ್ಕರ್ಧ ಕಡಿಮೆ ಮಾಡಿದ ಚೆನ್ನಪ್ಪ ಭಾವನವರಿಗೆ,

ಕತ್ತರಿ ಕೆಳಗಿಡಿ. ಅಳತೆ ಕೊಡಲು ಬಂದ ಗಿರಾಕಿಯನ್ನು ಬೆಂಚಿನ ಮೇಲೆ ಕೂರಿಸಿ. ಇದು ನಿಂತುಕೊಂಡು ಓದುವ ಕಾಗದವಲ್ಲ. ನಾನು ಸಿನಿಮಾದವರ ನಡುವೆ ಇದ್ದೇನೆ.

ಇಲ್ಲಿ ಕಡಲ ಬದಿಯಲ್ಲಿ ಒಂದು ಕಾಲಕ್ಕೆ ಪೋರ್ಚುಗೀಸರು ಕೂತಿದ್ದ ಕೋಟೆಯೊಂದುಂಟು. ಜರ್ಮನಿಯ ಟೀವಿಯವರು ಅದರ ಕಥೆಯನ್ನು ಸಿನಿಮಾ ಮಾಡಲು ಬಂದಿದ್ದಾರೆ. ಕೋಟೆ ಉಂಟು, ಕಥೆ ಉಂಟು, ಬಾಗಿಲು ಇಲ್ಲ. ಶತಮಾನಗಳಿಂದ ಬಾಯಿ ತೆರೆದುಕೊಂಡೇ ನಿಂತ ಆ ಕೋಟೆಗೆ ಪ್ಲೈವುಡ್ಡಿನ ಹೆಬ್ಬಾಗಿಲು ಮಾಡಿ, ಕಂದು ಬಣ್ಣ ಬಳಿದು, ಇತಿಹಾಸವನ್ನು ಭದ್ರಪಡಿಸಿದ ಕೀರ್ತಿ ನಮ್ಮ ವರ್ಕ್‌ಶಾಪಿನ ಬಡಗಿಯಾದ ನನಗೆ ಸಲ್ಲುತ್ತದೆ. ಕೆಲಸ ಹಿಡಿಸಿಕೊಟ್ಟವಳು ಶಿರ್ವದ ಫೆಲ್ಸಿ. ಗುಫೂಲಿನ ಒಂದು ಆಫೀಸಿನಲ್ಲಿ ಕೂತು ಸಿನಿಮಾದವರಿಗೆ ವ್ಯಾನು, ಹೋಟೆಲು, ಪರ್ಮಿಟ್ಟು ಎಲ್ಲ ಹೊಂದಿಸುವವಳು ಅವಳೇ.

ಈಗ ಮುಖ್ಯ ವಿಷಯ. ಆ ಸಿನಿಮಾದಲ್ಲಿ ಕೋಟೆಯ ಪೋರ್ಚುಗೀಸ್ ಕ್ಯಾಪ್ಟನಿನ ಪಾತ್ರಧಾರಿ ರೈನರ್ ಎಂಬ ಜರ್ಮನಿಯವನು ನನ್ನ ದೋಸ್ತಿಯಾಗಿದ್ದಾನೆ. ಎತ್ತರವೆಂದರೆ ನಿಮ್ಮ ಅಂಗಡಿಯ ಬಾಗಿಲಲ್ಲಿ ತಲೆ ತಗ್ಗಿಸದೆ ಒಳಗೆ ಬರಲಾರ. ಮೂಗು ರಾಜನದು. ದೊಡ್ಡ ಹೀರೋ ಆಗಿರಬೇಕು, ಏಕೆಂದರೆ ಬಹಳ ಸಾದಾ ಮನುಷ್ಯ. ತನ್ನ ಟೇಪ್ ಮೆಷಿನ್ನನ್ನು ತಾನೇ ಹೆಗಲಿಗೆ ಹಾಕಿಕೊಂಡು, ಉದ್ದ ಕೋಲಿಗೆ ಮೈಕ್ ಕಟ್ಟಿ, ಬೇರೆಯವರ ಮಾತನ್ನು ರೆಕಾರ್ಡ್ ಮಾಡುತ್ತಾನೆ. ಮತ್ತೆ ಮೈಕ್ ಕೆಳಗಿಟ್ಟು, ಮೀಸೆ ಅಂಟಿಸಿ, ಕ್ಯಾಪ್ಟನ್ ಆಗುತ್ತಾನೆ.

ನಮ್ಮ ಪರಿಚಯ ಹೇಗಾಯಿತು ಗೊತ್ತೆ? ಬಾಗಿಲಿನ ತಿರುಗಣಿ ಉಲ್ಟಾ ಹಾಕಿದ್ದಕ್ಕೆ ಹೆಲ್ಪರನನ್ನು ನಾನು ಬೈಯುತ್ತಿದ್ದೆ. ರೈನರ್ ಕೋಟೆಯ ಆಚೆ ತುದಿಯಿಂದ ಕಿವಿಗೆ ಹೆಡ್‌ಫೋನ್ ಹಾಕಿಕೊಂಡೇ ಓಡಿ ಬಂದ. ಇಂಗ್ಲಿಷಿನಲ್ಲಿ ಕೇಳಿದ, "ಈ ಧ್ವನಿ ಯಾರದು?"

"ನಂದೇ. ಎಂತ, ಜೋರಾಯ್ತಾ?" ಎಂದೆ.

"ಇಲ್ಲ. ಇನ್ನೊಮ್ಮೆ ಬಯ್ಯಿ."

ಭಾವ, ಇಪ್ಪತ್ತು ವರ್ಷ ನನ್ನೆದುರು ತಾಳಮದ್ದಳೆಯಲ್ಲಿ ವಾದಕ್ಕೆ ಕೂತ ನೀವು ಒಮ್ಮೆಯೂ ಹೀಗೆ ಕೇಳಲಿಲ್ಲ.

ನಿಮ್ಮ ಭಾವಮೈದ, ಸದ್ಯಕ್ಕೆ ಕಲಾವಿದ,
ಕಿಟ್ಟಣ್ಣ


ಕಟಪಾಡಿ
27 ಅಕ್ಟೋಬರ್ 1993

ಕಲಾವಿದ ಕಿಟ್ಟಣ್ಣನಿಗೆ, ಅಂಗಡಿಯ ಬಾಗಿಲಿನ ಎತ್ತರದ ಬಗ್ಗೆ ಯಾರೂ ಈವರೆಗೆ ದೂರು ಕೊಡದ ಚೆನ್ನಪ್ಪ ಭಾವನಿಂದ,

ಕಾಗದವನ್ನು ನಿಂತುಕೊಂಡೇ ಓದಿದೆ. ಏನೂ ಆಗಲಿಲ್ಲ.

ನಿನ್ನ ಹೀರೋನ ಬಗ್ಗೆ ನನಗೊಂದು ಸಂಶಯ. ಹೀರೋ ಆದವನು ತನ್ನ ಮೈಕನ್ನು ತಾನೇ ಹೊರುವುದುಂಟೇ? ಮದುಮಗನೇ ಪೆಟ್ರೋಮ್ಯಾಕ್ಸ್ ಹೊತ್ತುಕೊಂಡು ದಿಬ್ಬಣದ ಮುಂದೆ ನಡೆದರೆ ಹುಡುಗಿಯ ಕಡೆಯವರು ಏನೆಂದುಕೊಳ್ಳಬೇಕು? ಆ ಮನುಷ್ಯನಿಗೆ ಏನೋ ಕಷ್ಟ ಉಂಟು. ಸರಿಯಾಗಿ ವಿಚಾರಿಸು. ವಿಚಾರಿಸುವಾಗ ಮಧ್ಯೆ ಮಧ್ಯೆ ಅವನಿಗೂ ಮಾತಾಡಲು ಬಿಡು.

ನಮ್ಮ ತಾಳಮದ್ದಳೆ ಭಾರೀ ಜೋರಾಗಿ ನಡೆಯುತ್ತಿದೆ. ನೀನಿಲ್ಲದ ಕೊರತೆ ಯಾರಿಗೂ ಕಂಡಂತಿಲ್ಲ.

ಚೆನ್ನಪ್ಪ

ಕಿಟ್ಟ, ಇವರು ಕವರಿಗೆ ಅಂಟು ಹಾಕುವ ಮೊದಲು ನಾನೂ ಎರಡು ಸಾಲು ಬರೆಯುತ್ತೇನೆ. ಎಂತದು ಜೋರು? ನೀನು ವಿಮಾನ ಹತ್ತಿದ ಮೇಲೆ ಒಂದು ಕೂಟವೂ ಆಗಲಿಲ್ಲ. ಎದುರು ಕೂತು ಮಾತಾಡುವವರು ಯಾರೂ ಇಲ್ಲ ಅಂತ ಇವರು ಈಗ ರೇಡಿಯೋದ ವಾರ್ತೆಗೆ ಉತ್ತರ ಕೊಡುತ್ತಾರೆ. ನಾನು ಬರೆದೆ ಅಂತ ಹೇಳಬೇಡ. – ಜಯಶೀಲಕ್ಕ


ಸಲ್ಮಾಬಾದ್
12 ನವೆಂಬರ್ 1993

ಕೊರತೆಯೇ ಇಲ್ಲದ ಭಾವನವರಿಗೆ,

ವಿಚಾರಿಸಿದೆ. ನೀವು ಹೇಳಿದ್ದು ಸರಿ, ಕಷ್ಟ ಉಂಟು. ಸರಿ ಎಂದು ನಾನು ಬರೆದದ್ದನ್ನು ಚೌಕಟ್ಟು ಹಾಕಿ ಅಂಗಡಿಯಲ್ಲಿ ತೂಗುಹಾಕಬೇಡಿ.

ರೈನರ್ ಪೂರ್ವ ಜರ್ಮನಿಯವನು. ಅಲ್ಲಿ ನಟನೆ ಕಲಿತು, ಸ್ಟುಡಿಯೋದಲ್ಲಿ ಸಂಬಳದ ನಟನಾಗಿ, ಒಂಬತ್ತು ಸಿನಿಮಾದಲ್ಲಿ ಪಾತ್ರ ಮಾಡಿದ್ದಾನೆ. ಆಮೇಲೆ ಅವರ ಊರಿನ ಮಧ್ಯದ ಗೋಡೆ ಬಿತ್ತಲ್ಲ, ಎಲ್ಲರೂ ಕುಣಿದರು, ಇವನೂ ಕುಣಿದ. ಕುಣಿದು ಕೆಲಸಕ್ಕೆ ಹೋದರೆ ಸ್ಟುಡಿಯೋಗೆ ಬೀಗ. ಹೊಸ ಜರ್ಮನಿಯಲ್ಲಿ ಅವನ ಮುಖವನ್ನು ಯಾರೂ ಕೇಳಲಿಲ್ಲ. ಹೊಟ್ಟೆಗೆ ಬೇಕಲ್ಲ, ಧ್ವನಿಮುದ್ರಣ ಕಲಿತ. ಈ ಸಿನಿಮಾಕ್ಕೂ ಬಂದದ್ದು ಮೈಕ್ ಹಿಡಿಯಲಿಕ್ಕೇ. ಇನ್ನೊಬ್ಬ ನಟನನ್ನು ಇಲ್ಲಿಗೆ ಕರೆತರುವಷ್ಟು ಅನುಕೂಲ ಇಲ್ಲವೆಂದು ನಿರ್ದೇಶಕಿ ಉಟಾ ಮೇಡಂ ಕ್ಯಾಪ್ಟನ್ ಪಾತ್ರವನ್ನು ಇವನಿಗೆ ಕೊಟ್ಟಿದ್ದಾರೆ.

ಅವರು ಇನ್ನೊಂದು ಮಾತು ಹೇಳಿದ್ದಾರಂತೆ. ಈ ಸಿನಿಮಾದಲ್ಲಿ ಕ್ಯಾಪ್ಟನದು ಒಂದೇ ದೊಡ್ಡ ದೃಶ್ಯ. ಅದರಲ್ಲಿ ಅವನು ನಿಂತರೆ ಮುಂದಿನ ಸಿನಿಮಾಕ್ಕೆ ಅವನೇ ನಾಯಕ. ಇಲ್ಲವಾದರೆ ಮುಂದಕ್ಕೆ ಮೈಕೇ ಗತಿ. "ನನಗೆ ನಲವತ್ತೈದಾಯಿತು ಕಿಟ್ಟಾ, ಇದು ಕೊನೆಯ ಬಸ್ಸು" ಎಂದ. ನಮ್ಮ ಕಟಪಾಡಿ ಪೇಟೆಯಲ್ಲಿ ನಿಂತವನ ಹಾಗೆಯೇ ಹೇಳಿದ.

ಈಗ ಉಸಿರು ಬಿಗಿಹಿಡಿಯಿರಿ. ಆ ದೃಶ್ಯ ನಿನ್ನೆ ಆಯಿತು. ಅದರಲ್ಲಿ ಅವನ ಎದುರು ಪಾತ್ರ ಮಾಡಿದವನು ಈ ಕಾಗದದ ಕೆಳಗೆ ಸಹಿ ಹಾಕುವವನು.

ಕೋಟೆಯಲ್ಲಿ ಸೆರೆಸಿಕ್ಕಿದ ನಮ್ಮ ಕರಾವಳಿಯ ನಾವಿಕನೊಬ್ಬನಿದ್ದಾನೆ. ಆ ಪಾತ್ರಕ್ಕೆ ಗೊತ್ತು ಮಾಡಿದವನಿಗೆ ಅವನ ಕಂಪನಿಯ ಮುದೀರ್, ಅಂದರೆ ಮ್ಯಾನೇಜರ್, ರಜೆ ಕೊಡಲಿಲ್ಲ. ರೈನರ್ ಉಟಾ ಮೇಡಮ್ಮಿಗೆ ಹೇಳಿದ, "ಬಾಗಿಲು ಮಾಡಿದವನನ್ನು ನಿಲ್ಲಿಸಿ. ಅವನ ಧ್ವನಿ ಮೆಷಿನ್ನಿನ ಮುಳ್ಳನ್ನು ತುದಿಗೆ ಕೊಂಡುಹೋಗುತ್ತದೆ." ಮಾತು ನನ್ನ ಭಾಷೆಯಲ್ಲೇ ಇರಲಿ ಎಂದರು. ಗೋಣಿಚೀಲದ ಅಂಗಿ ಹಾಕಿದರು. ಅದರ ಹೊಲಿಗೆ ನೋಡಿದ್ದರೆ ನೀವು ಅಲ್ಲೇ ಬಿದ್ದುಬಿಡುತ್ತಿದ್ದಿರಿ.

ದೃಶ್ಯ ಹೀಗೆ. ನಾವಿಕ ಹೇಳುತ್ತಾನೆ, "ಕ್ಯಾಪ್ಟನ್, ನಾಳೆ ಗಾಳಿ ತಿರುಗುತ್ತದೆ." ಕ್ಯಾಪ್ಟನ್ ಹೇಳುತ್ತಾನೆ, "ನನ್ನ ಕೋಟೆಯಲ್ಲಿ ಗಾಳಿಯೂ ನನ್ನ ಅಪ್ಪಣೆ ಕೇಳಬೇಕು." ಅವನದು ಜರ್ಮನ್, ಆದರೆ ಅರ್ಥ ನನಗೆ ಮೊದಲೇ ತಿಳಿಸಿದ್ದ. ಹೇಳಿ, ಸುಮ್ಮನೆ ನನ್ನನ್ನೇ ನೋಡಿದ.

ಭಾವ, ನೀವೇ ಹೇಳಿ. ಎದುರಿನವನು ಅಷ್ಟು ದೊಡ್ಡ ಮಾತು ಎಸೆದು, ಬಾಯಿ ಮುಚ್ಚಿ, ಕಣ್ಣಲ್ಲಿ ಕಣ್ಣಿಟ್ಟು ನೋಡಿದರೆ ತಾಳಮದ್ದಳೆಯ ಅರ್ಥಧಾರಿಯಾದವನು ಏನು ಮಾಡಬೇಕು? ನಾನು ಉತ್ತರ ಕೊಟ್ಟೆ. ಸಾಧಾರಣ ಉತ್ತರವಲ್ಲ. ಗಾಳಿಗೆ ಯಜಮಾನ ಯಾರು ಎಂಬಲ್ಲಿಂದ ಎತ್ತಿ, ಕಡಲು, ಕೋಟೆ, ರಾಜಧರ್ಮ ಎಲ್ಲವನ್ನೂ ಒಂದು ಸುತ್ತು ತಂದೆ. ಅವನು ಒಂದು ಕ್ಷಣ ತಬ್ಬಿಬ್ಬಾದ. ಆಮೇಲೆ, ಭಾವ, ಅವನೂ ಎತ್ತಿದ. ಜರ್ಮನ್ ಭಾಷೆಯಲ್ಲಿ ಅವನು, ಕನ್ನಡದಲ್ಲಿ ನಾನು. ಸೂರ್ಯ ಕಡಲಿಗೆ ಇಳಿಯುವವರೆಗೆ ಬಿಡಲಿಲ್ಲ. ಮುಗಿದಾಗ ಇಡೀ ತಂಡ ಬಾಯಿ ತೆರೆದುಕೊಂಡು ನಿಂತಿತ್ತು. ಉಟಾ ಮೇಡಂ ಎರಡೂ ಕೈಯನ್ನು ತಲೆಯ ಮೇಲೆ ಇಟ್ಟುಕೊಂಡಿದ್ದರು. ಅವರಲ್ಲಿ ಮೆಚ್ಚಿಗೆ ತೋರಿಸುವ ಕ್ರಮ ಹಾಗೆ ಇರಬೇಕು.

ಜಯಶಾಲಿ,
ಕಿಟ್ಟಣ್ಣ


ಕಟಪಾಡಿ
30 ನವೆಂಬರ್ 1993

ಕಿಟ್ಟಣ್ಣ,

ನಿನ್ನ ಕಾಗದವನ್ನು ಈ ಸಲ ಕೂತು ಓದಿದೆ.

ಎರಡೂ ಕೈ ತಲೆಯ ಮೇಲೆ ಇಟ್ಟುಕೊಳ್ಳುವುದು ಕಟಪಾಡಿಯಲ್ಲಿ ಮೆಚ್ಚಿಗೆಗಲ್ಲ. ಜರ್ಮನಿಯಲ್ಲೂ ಅಲ್ಲವೆಂದು ನನ್ನ ಅಂದಾಜು.

ಒಂದು ಪ್ರಶ್ನೆ ಕೇಳುತ್ತೇನೆ. ನಾವಿಕನಿಗೆ ಎಷ್ಟು ಮಾತು ಬರೆದಿದ್ದರು? ನೀನು ಕಾಗದದಲ್ಲಿ ಒಂದೇ ಹೇಳಿದ್ದೀ. ಹಾಗಾದರೆ ಆ ಕ್ಯಾಪ್ಟನ್ ಸುಮ್ಮನೆ ನೋಡಿದ್ದು ನಿನ್ನ ಸರದಿ ಬಂತು ಅಂತಲೋ, ಅಥವಾ ಆ ಸುಮ್ಮನಿರುವುದೇ ಅವನ ದೊಡ್ಡ ದೃಶ್ಯವೋ?

ನಾವು ಬಾಯಿಯಿಂದ ಅಭಿನಯ ಮಾಡುವವರು ಮಾರಾಯ. ಎದುರಿನವ ಸುಮ್ಮನಾದರೆ ಸೋತ ಎಂದು ನಮ್ಮ ಲೆಕ್ಕ. ಸಿನಿಮಾದವರು ಮುಖದಿಂದ ಮಾಡುತ್ತಾರೆ. ಸುಮ್ಮನಾದಾಗಲೇ ಅವರ ಕೆಲಸ ಶುರುವಾಗುವುದು. ನೀನು ಆ ಮನುಷ್ಯನ ಕೊನೆಯ ಬಸ್ಸಿನ ಎದುರು ಅಡ್ಡ ನಿಂತು ಭಾಷಣ ಮಾಡಿದ್ದೀಯೇನೋ ಎಂದು ನನಗೆ ಹೆದರಿಕೆ. ತಕ್ಷಣ ಬರೆ.

ಚೆನ್ನಪ್ಪ


ಕಟಪಾಡಿ
6 ಜನವರಿ 1994

ಕಿಟ್ಟಣ್ಣ,

ತಕ್ಷಣ ಎಂದು ಬರೆದಿದ್ದೆ. ಹೊಸ ವರ್ಷವೂ ಬಂತು, ನಿನ್ನ ಕಾಗದ ಬರಲಿಲ್ಲ. ನೀನು ಮಾತಿಲ್ಲದೆ ಕೂತದ್ದನ್ನು ನಾನು ಈವರೆಗೆ ನೋಡಿಲ್ಲ, ಆದ್ದರಿಂದ ಹೇಗೆ ಬಯ್ಯಬೇಕೆಂದೂ ಗೊತ್ತಾಗುತ್ತಿಲ್ಲ.

ಜಯಶೀಲ ಉಪ್ಪಿನಕಾಯಿ ಕಳುಹಿಸಲು ಜನ ಹುಡುಕುತ್ತಿದ್ದಾಳೆ. ಉಪ್ಪಿನಕಾಯಿ ಬರಬೇಕಾದರೆ ಬರೆ.

ಚೆನ್ನಪ್ಪ


ಸಲ್ಮಾಬಾದ್
21 ಜನವರಿ 1994

ಭಾವನವರಿಗೆ,

ನೀವು ಹೇಳಿದ್ದೇ ಸರಿ. ಇದನ್ನು ಬೇಕಾದರೆ ಚೌಕಟ್ಟು ಹಾಕಿಸಿ.

ಆ ಸುಮ್ಮನಿರುವುದೇ ದೃಶ್ಯವಾಗಿತ್ತು. ಕ್ಯಾಪ್ಟನ್ ಮಾತು ಮುಗಿಸಿ ನಾವಿಕನನ್ನು ನೋಡಬೇಕು, ನೋಡುತ್ತ ನೋಡುತ್ತ ಅವನ ಮುಖದಲ್ಲಿ ಹೆದರಿಕೆ ಏಳಬೇಕು, ಕಡೆಗೆ ತಿರುಗಿ ಕಡಲಿನ ಕಡೆ ನಡೆಯಬೇಕು. ಅವನು ಒಂದು ತಿಂಗಳು ಕನ್ನಡಿಯ ಎದುರು ಅದನ್ನೇ ಕಲಿತಿದ್ದನಂತೆ. ಹೆದರಿಕೆ ಹುಬ್ಬಿನವರೆಗೆ ಬರುವಷ್ಟರಲ್ಲಿ ನಾನು ರಾಜಧರ್ಮ ಎತ್ತಿದೆ.

ಹತ್ತು ನಿಮಿಷಕ್ಕೆ ಕ್ಯಾಮೆರಾದೊಳಗಿನ ಫಿಲ್ಮ್ ಮುಗಿದುಹೋಯಿತು. ಇನ್ನೊಮ್ಮೆ ತೆಗೆಯೋಣವೆಂದರೆ ಬೆಳಕಿಲ್ಲ, ಕೋಟೆಯ ಪರ್ಮಿಟ್ಟು ಆವತ್ತಿಗೇ ಖಲಾಸ್. ಉಟಾ ಮೇಡಂ ಆ ದೃಶ್ಯವನ್ನೇ ಕತ್ತರಿಸಿದರು. ಮುಂದಿನ ಸಿನಿಮಾಕ್ಕೆ ಬೇರೆ ಯಾರನ್ನೋ ತೆಗೆದುಕೊಂಡರು.

ಇದೆಲ್ಲ ನನಗೆ ಆ ವಾರವೇ ಫೆಲ್ಸಿಯಿಂದ ತಿಳಿಯಿತು. ನಾನು ಏರ್‌ಪೋರ್ಟಿಗೆ ಓಡಿದೆ. ಊರಿಗೆ ಹೊರಟ ರೈನರ್ ಪೆಟ್ಟಿಗೆಗಳ ಮೇಲೆ ಕೂತಿದ್ದ. ಏನು ಹೇಳುವುದು? ಇಷ್ಟು ದೊಡ್ಡ ಅರ್ಥಧಾರಿಗೆ "ಸಾರಿ" ಎಂಬ ಒಂದು ಇಂಗ್ಲಿಷ್ ಮಾತು ಬಿಟ್ಟು ಏನೂ ಬರಲಿಲ್ಲ. ಅವನು ಕೇಳಿದ, "ಅವತ್ತು ನೀನು ಯಾಕೆ ನಿಲ್ಲಿಸಲಿಲ್ಲ?"

ನಾನು ತಾಳಮದ್ದಳೆಯ ವಿಷಯ ಹೇಳಿದೆ. ವೇಷ ಇಲ್ಲ, ಕುಣಿತ ಇಲ್ಲ. ಭಾಗವತ ಒಂದು ಪದ್ಯ ಹಾಡುತ್ತಾನೆ, ಆಮೇಲೆ ಎದುರುಬದುರು ಕೂತವರು ರಾಜನೋ ದೂತನೋ ಆಗಿ ಬರೆದಿಡದ ಮಾತಿನಲ್ಲೇ ವಾದ ಮಾಡುತ್ತಾರೆ, ಉತ್ತರ ಕೊಡದೆ ಬಿಟ್ಟರೆ ಮರ್ಯಾದೆ ಹೋಗುತ್ತದೆ, ಎಂದೆ. "ನೀನು ಯಾಕೆ ನಿಲ್ಲಿಸಲಿಲ್ಲ?" ಎಂದು ನಾನೂ ಕೇಳಿದೆ.

ಅವನು ಪೆಟ್ಟಿಗೆಯ ಮೇಲಿಂದ ಎದ್ದು ಹೇಳಿದ, "ನಾಲ್ಕು ವರ್ಷದಿಂದ ಯಾರೂ ನನ್ನ ಮಾತಿಗೆ ಉತ್ತರ ಕೊಟ್ಟಿರಲಿಲ್ಲ."

ಕೈ ಕುಲುಕಿ ಹೋದ. ಉಪ್ಪಿನಕಾಯಿ ಕಳುಹಿಸುವುದಾದರೆ ಕಳುಹಿಸಿ. ಹಸಿವೇನೂ ಇಲ್ಲ.

ಕಿಟ್ಟಣ್ಣ


ಸಲ್ಮಾಬಾದ್
18 ಫೆಬ್ರವರಿ 1994

ಭಾವ,

ಉಪ್ಪಿನಕಾಯಿ ಬಂತು, ಅದನ್ನು ಬದಿಗಿಡಿ. ಈ ಕಾಗದದ ಜೊತೆ ರೈನರ್ ಜರ್ಮನಿಯಿಂದ ಕಳುಹಿಸಿದ ಒಂದು ಕ್ಯಾಸೆಟ್ ಉಂಟು. ಊರಿಗೆ ಹೊರಟ ಫೆಲ್ಸಿಯ ಅಕ್ಕ ಐವಿ ಅದನ್ನು ನಿಮ್ಮ ಕೈಗೇ ಕೊಡುತ್ತಾಳೆ. ಅಂಗಡಿಯ ಇಸ್ತ್ರಿಪೆಟ್ಟಿಗೆಯ ಹತ್ತಿರ ಇಡಬೇಡಿ.

ಕೇಳಿ. ಕ್ಯಾಮೆರಾದ ಫಿಲ್ಮ್ ಮುಗಿದರೂ ರೈನರನ ಟೇಪ್ ಮುಗಿದಿರಲಿಲ್ಲ. ತಾನು ನಟಿಸುವ ಹೊತ್ತಿಗೆ ಮೆಷಿನ್ನನ್ನು ಕೋಟೆಗೋಡೆಯ ಹಿಂದೆ ಚಾಲೂ ಇಟ್ಟು ಬಂದಿದ್ದ. ಚಿತ್ರ ಇಲ್ಲ, ಮಾತು ಪೂರಾ ಉಂಟು. ಊರಿಗೆ ಹೋಗಿ ಅದನ್ನು ಕೇಳಿದನಂತೆ, ಮತ್ತೆ ಕೇಳಿದನಂತೆ, ತೆಗೆದುಕೊಂಡು ಅಲ್ಲಿನ ರೇಡಿಯೋ ಸ್ಟೇಷನ್ನಿಗೆ ಹೋದನಂತೆ. ಜರ್ಮನಿಯಲ್ಲಿ ರೇಡಿಯೋ ನಾಟಕಕ್ಕೆ ಭಾರೀ ಬೆಲೆ. ಜನ ದೀಪ ಆರಿಸಿ ಕೂತು ಕೇಳುತ್ತಾರಂತೆ.

ನಾಟಕ ವಿಭಾಗದ ಯಜಮಾನರು ಕೇಳಿ ಹೇಳಿದ್ದು ಇಷ್ಟು: ಕ್ಯಾಪ್ಟನ್ ಅದ್ಭುತ. ಆದರೆ ನಾವಿಕ ಏನು ಹೇಳುತ್ತಿದ್ದಾನೆ? ಅವನ ಮಾತು ನಿಜವಾಗಿ ಉತ್ತರವೇ ಆಗಿದ್ದರೆ ಇದು ನಾಟಕ. ನಾವು ಪ್ರಸಾರ ಮಾಡುತ್ತೇವೆ, ರೈನರನಿಗೆ ಮುಂದೆಯೂ ಪಾತ್ರ ಕೊಡುತ್ತೇವೆ. ಬಾಯಿಗೆ ಬಂದದ್ದನ್ನು ಕೂಗಿದ್ದಾದರೆ ಇದು ಗದ್ದಲ. ಗದ್ದಲ ನಮ್ಮಲ್ಲಿ ಬೇಕಾದಷ್ಟುಂಟು.

ನಿಮಗೆ ಗೊತ್ತಲ್ಲ, ಕೂಟ ಮುಗಿದ ಮೇಲೆ ನನ್ನ ಮಾತು ನನಗೇ ನೆನಪಿರುವುದಿಲ್ಲ. ಕೇಳಿ ಬರೆಯೋಣವೆಂದು ಕೂತರೆ ಪ್ರತಿ ಸಾಲಿಗೂ "ಇದಕ್ಕಿಂತ ಚೆನ್ನಾಗಿ ಹೇಳಬಹುದಿತ್ತು" ಎಂದು ತಿದ್ದಲು ಹೋಗುತ್ತೇನೆ. ತಿದ್ದಿದರೆ ಮೋಸ. ನನ್ನ ಮಾತನ್ನು ಇದ್ದದ್ದು ಇದ್ದ ಹಾಗೆ ಬರೆಯಬಲ್ಲವರು ನೀವೊಬ್ಬರೇ, ಇಪ್ಪತ್ತು ವರ್ಷದಿಂದ ತಪ್ಪು ಹುಡುಕುವುದಕ್ಕಾಗಿ ಕೇಳಿದವರು. ಬರೆದು ಕಳುಹಿಸಿ. ಫೆಲ್ಸಿ ಇಂಗ್ಲಿಷ್ ಮಾಡುತ್ತಾಳೆ. ಕ್ಯಾಪ್ಟನ್ ಎಲ್ಲೆಲ್ಲಿ ಏನು ಹೇಳಿದ್ದಾನೆಂದು ರೈನರ್ ಕಳುಹಿಸಿದ ಅರ್ಥವನ್ನೂ ಅವಳು ಕನ್ನಡ ಮಾಡಿ ಇಟ್ಟಿದ್ದಾಳೆ.

ಅವನ ಬಸ್ಸು ಇನ್ನೂ ಹೊರಟಿಲ್ಲ ಭಾವ. ಡ್ರೈವರ್ ಚಹಾ ಕುಡಿಯುತ್ತಿದ್ದಾನೆ.

ಕಿಟ್ಟಣ್ಣ


ಕಟಪಾಡಿ
9 ಮಾರ್ಚ್ 1994

ಕಿಟ್ಟಣ್ಣ,

ಅಂಗಡಿಗೆ ರಜೆ ಹಾಕಿ ಬರೆದಿದ್ದೇನೆ. ಎರಡು ಮದುವೆಯ ರವಿಕೆಗಳು ಕಾಯುತ್ತಿವೆ. ಕಾಯಲಿ.

ಮೊದಲ ಭಾಗ ಚೆನ್ನಾಗಿ ಉಂಟು. "ಅಪ್ಪಣೆ ಕೊಡುವವನೇ, ಗಾಳಿ ನಿನ್ನ ಅಪ್ಪಣೆ ಕೇಳುತ್ತದೋ ಇಲ್ಲವೋ ನನಗೆ ಗೊತ್ತಿಲ್ಲ, ಆದರೆ ನೀನು ಗಾಳಿಯ ಮಾತನ್ನು ಎಂದಾದರೂ ಕೇಳಿದ್ದೀಯಾ?" ಇದಕ್ಕೆ ನನ್ನಿಂದ ನೂರರಲ್ಲಿ ಎಂಬತ್ತು.

ಎರಡನೆಯ ಭಾಗದಲ್ಲಿ ನೀನು ಎಲ್ಲಿದ್ದೀ ಎಂಬುದನ್ನು ಮರೆತಿದ್ದೀ. ಪೋರ್ಚುಗೀಸ್ ಕ್ಯಾಪ್ಟನಿಗೆ ನೀನು ಹೇಳಿದ್ದನ್ನು ಹಾಗೆಯೇ ಬರೆಯುತ್ತೇನೆ: "ಕೊರಳಿಗೆ ಅಳತೆಪಟ್ಟಿ ಹಾಕಿಕೊಂಡವನೆಲ್ಲ ಕಡಲನ್ನು ಅಳೆಯಬಲ್ಲನೇ? ನಮ್ಮ ಮನೆಯ ಹೆಣ್ಣನ್ನು ಕರಕೊಂಡು ಹೋದೆ. ಅವಳು ಬೆಳಿಗ್ಗೆ ಎದ್ದು ಅಕ್ಕಿ ಕಡೆದು ಬೇಯಿಸಿದ ಪುಂಡಿಗೆ ಉಪ್ಪು ಕಡಿಮೆ ಎಂದು ಮೂರು ಮನೆಗೆ ಕೇಳುವ ಹಾಗೆ ಸಾರಿದೆ. ಹೆಂಡತಿಗೆ ಅಪ್ಪಣೆ ಕೊಟ್ಟು ಅಭ್ಯಾಸವಾದವನು ಈಗ ಗಾಳಿಗೆ ಕೊಡಲು ಹೊರಟಿದ್ದೀ."

ಇದನ್ನು ಬರೆಯುವಾಗ ಜಯಶೀಲ ಹಿಂದೆ ನಿಂತು ಕೇಳಿದಳು, "ನಿಲ್ಲಿ, ಅದನ್ನು ಇನ್ನೊಮ್ಮೆ ಹಾಕಿ." ನಾಲ್ಕು ಸಲ ಹಾಕಿಸಿದಳು.

ಈ ಭಾಗವನ್ನು ಬಿಟ್ಟುಬಿಡೋಣವೇ ಎಂದು ಯೋಚಿಸಿದ್ದು ಹೌದು. ಜರ್ಮನಿಯ ಜನ ದೀಪ ಆರಿಸಿ ಕೂತು ನನ್ನ ಪುಂಡಿಯ ವಿಷಯ ಕೇಳಬೇಕೇ? ಆದರೆ ಟೇಪಿನಲ್ಲಿ ಮಾತಿರುವ ಜಾಗದಲ್ಲಿ ಕಾಗದ ಖಾಲಿ ಇದ್ದರೆ ಅವರಿಗೆ ಸಂಶಯ ಬರುತ್ತದೆ. ಕೆಡುವುದು ರೈನರನ ಕೆಲಸ. ಬರೆದೆ. ಉಪ್ಪು ಕಡಿಮೆಯೇ ಇತ್ತು ಎಂದು ಅಡಿಯಲ್ಲಿ ಒಂದು ಟಿಪ್ಪಣಿ ಹಾಕಿದ್ದೇನೆ, ಅದನ್ನು ಫೆಲ್ಸಿ ತಪ್ಪದೆ ಇಂಗ್ಲಿಷ್ ಮಾಡಬೇಕು.

ಕೊನೆಯ ಭಾಗ. "ನಿನ್ನ ಮಾತಿಗೆ ಉತ್ತರ ಕೊಡಲು ಒಬ್ಬ ಬೇಕು. ಆ ಒಬ್ಬನನ್ನು ಕಡಲಾಚೆ ಕಳುಹಿಸಿ, ಖಾಲಿ ಚಾವಡಿಯಲ್ಲಿ ಕೂತು ನಾನೇ ಗೆದ್ದೆ ಎನ್ನುತ್ತೀಯಲ್ಲ, ಯಾರ ಎದುರು ಗೆದ್ದೆ?" ಇಲ್ಲಿ ಟೇಪಿನಲ್ಲಿ ಸ್ವಲ್ಪ ಹೊತ್ತು ಗಾಳಿಯ ಸದ್ದು ಮಾತ್ರ ಉಂಟು. ಮತ್ತೆ ಕ್ಯಾಪ್ಟನ್ ಬಹಳ ಮೆಲ್ಲಗೆ ಏನೋ ಹೇಳುತ್ತಾನೆ. ಅವನು ಏನು ಹೇಳಿದನೆಂದು ಫೆಲ್ಸಿಯ ಹತ್ತಿರ ಕೇಳಿ ನನಗೆ ಬರೆ. ಇಲ್ಲಿ ನೂರರಲ್ಲಿ ಎಷ್ಟು ಎಂದು ನಾನು ಹಾಕಿಲ್ಲ.

ಈ ಸಲ ಜಯಶೀಲಳಿಗೆ ಬರೆಯಲು ಜಾಗ ಬಿಟ್ಟಿಲ್ಲ.

ಚೆನ್ನಪ್ಪ


ಸಲ್ಮಾಬಾದ್
27 ಮೇ 1994

ಭಾವ,

ನಿಮ್ಮ ಪ್ರಶ್ನೆಗೆ ಮೊದಲು ಉತ್ತರ. ಕ್ಯಾಪ್ಟನ್ ಮೆಲ್ಲಗೆ ಹೇಳಿದ್ದು: "ಇಲ್ಲಿ ಒಂದು ಕಾಲಕ್ಕೆ ನೂರಾರು ಜನ ಇದ್ದರು. ಈಗ ನನ್ನ ಧ್ವನಿ ಗೋಡೆಗೆ ಬಡಿದು ನನ್ನ ಹತ್ತಿರವೇ ವಾಪಸು ಬರುತ್ತದೆ." ಅದು ಕಥೆಯಲ್ಲಿ ಬರೆದದ್ದಲ್ಲ. ಮುಚ್ಚಿದ ಸ್ಟುಡಿಯೋ ಕಣ್ಣೆದುರು ಬಂತಂತೆ. ನನ್ನ ಒಂದು ಅಕ್ಷರವೂ ಅರ್ಥವಾಗದೆ ಸರಿಯಾಗಿ ಅಲ್ಲಿಗೇ ಬಂದು ಕೂತಿದ್ದಾನೆ. ರೇಡಿಯೋದ ಯಜಮಾನರು ಅವನ ಮಾತು, ನನ್ನ ಮಾತು, ಎರಡೂ ಕಾಗದವನ್ನು ಪಕ್ಕ ಪಕ್ಕ ಇಟ್ಟು ಓದಿ, ಕನ್ನಡಕ ತೆಗೆದು, ಪ್ರಸಾರದ ದಿನ ಗೊತ್ತು ಮಾಡಿದರಂತೆ. ಪುಂಡಿಯ ಭಾಗದಲ್ಲಿ ಅವರ ಆಫೀಸಿನ ಹೆಂಗಸರೆಲ್ಲ ಚಪ್ಪಾಳೆ ತಟ್ಟಿದರೆಂದೂ ಬರೆದಿದ್ದಾನೆ. ನಿಮ್ಮ ಟಿಪ್ಪಣಿಯನ್ನು ಸ್ಥಳಾಭಾವದಿಂದ ಕೈಬಿಟ್ಟಿದ್ದಾರೆ.

ನಿನ್ನೆ ಪ್ರಸಾರವಾಯಿತು. ರೈನರ್ ತನ್ನ ಮನೆಯಿಂದ ಫೆಲ್ಸಿಯ ಆಫೀಸಿಗೆ ಫೋನ್ ಮಾಡಿ, ರೇಡಿಯೋದ ಬಾಯಿಗೆ ರಿಸೀವರ್ ಹಿಡಿದ. ಈ ಕಡೆ ಗುಫೂಲಿನಲ್ಲಿ ನಾನು, ಫೆಲ್ಸಿ, ಚಹಾ ತಂದ ಮನುಷ್ಯ, ಮೂವರೂ ಒಂದೇ ರಿಸೀವರಿಗೆ ಕಿವಿ ಕೊಟ್ಟು ನಿಂತೆವು. ಒಬ್ಬ ಹೆಂಗಸು ಏನೋ ಹೇಳಿದಳು. ಅದರಲ್ಲಿ ಅವನ ಹೆಸರು, ನನ್ನ ಹೆಸರು.

"ಎಂತ ಹೇಳಿದ್ಳು ಫೆಲ್ಸಿ?" ಎಂದೆ.

"ಅಭಿನಯ ಅಂತ ಹೇಳಿ ಅವನ ಹೆಸರು ಹೇಳಿದ್ಳು. ಸುಮ್ಮನಿರಿ ಕಿಟ್ಟಣ್ಣ, ಇವತ್ತಾದ್ರೂ."

ಸುಮ್ಮನಿದ್ದೆ. ಪೂರಾ ಸುಮ್ಮನಿದ್ದೆ ಭಾವ, ಮುಗಿಯುವವರೆಗೆ. ನನ್ನ ಮಾತನ್ನು ನಾನೇ ಅಡ್ಡಬಾಯಿ ಹಾಕದೆ ಕೇಳಿದ್ದು ಇದೇ ಮೊದಲು.

ಇನ್ನು ಹೊಸ ಸುದ್ದಿ. ಪ್ರಸಾರಕ್ಕೆ ಮೊದಲೇ ರೈನರನಿಗೆ ಇನ್ನೊಂದು ನಾಟಕದಲ್ಲಿ ಮುಖ್ಯ ಪಾತ್ರ ಸಿಕ್ಕಿತು. ಅದು ಮುಗಿದರೆ ಮತ್ತೊಂದು ಉಂಟು. ಆದರೆ ಒಂದು ತೊಂದರೆ ಬರೆದಿದ್ದಾನೆ. ಸ್ಟುಡಿಯೋದಲ್ಲಿ ಧ್ವನಿಮುದ್ರಣಕ್ಕೆ ಬೇರೆ ಜನ ಇದ್ದಾರೆ. ಇವನು ಅಭ್ಯಾಸಬಲದಿಂದ ಮೈಕ್ ಸರಿಪಡಿಸಲು ಹೋದರೆ ಅವರು ಬಂದು ಕೈಗೆ ಹೊಡೆಯುತ್ತಾರೆ. "ನಾನು ಬರೀ ನಟ, ಎದುರಿಗೆ ಇನ್ನೊಬ್ಬ ನಟ. ಕೈಯಲ್ಲಿ ಏನೂ ಇಲ್ಲ. ನಿಮ್ಮಲ್ಲಿ ಕೂತು ಮಾತಾಡುವವರು ಕೈಯನ್ನು ಏನು ಮಾಡುತ್ತಾರೆ?" ಎಂದು ಕೇಳಿದ್ದಾನೆ. ನಾನು ಮೂರು ಪುಟ ಉತ್ತರ ಬರೆದು, ಓದಿ, ಹರಿದುಹಾಕಿದೆ. ನೀವು ಹೇಳಿ.

ಕಿಟ್ಟಣ್ಣ


ಕಟಪಾಡಿ
14 ಜೂನ್ 1994

ಕಿಟ್ಟಣ್ಣ,

ಮೂರು ಪುಟ ಹರಿದದ್ದು ನಿನ್ನ ಜೀವಮಾನದ ದೊಡ್ಡ ಸಾಧನೆ.

ರೈನರನಿಗೆ ಹೀಗೆ ಬರೆ. ಕೈಯನ್ನು ತೊಡೆಯ ಮೇಲೆ ಇಟ್ಟು ಮರೆತುಬಿಡಬೇಕು. ಎದುರಿನವನ ಮಾತನ್ನು ಸರಿಯಾಗಿ ಕೇಳಿದರೆ ಯಾವಾಗ ಏಳಬೇಕೆಂದು ಕೈಗೇ ಗೊತ್ತಾಗುತ್ತದೆ. ಕೇಳದೆ ಇದ್ದರೆ ಎಲ್ಲಿ ಇಟ್ಟರೂ ಅದು ಅಡ್ಡವೇ.

ಇದನ್ನು ನಾನು ಸುಮ್ಮನೆ ಹೇಳುತ್ತಿಲ್ಲ, ನಿನ್ನೆ ಪರೀಕ್ಷೆ ಮಾಡಿ ನೋಡಿದ್ದೇನೆ. ಅಂಗಡಿ ಮುಚ್ಚಿ ಬಂದು, ಚಾವಡಿಯಲ್ಲಿ ಕ್ಯಾಸೆಟ್ ಹಾಕಿ, ಎದುರು ಚಾಪೆಯ ಮೇಲೆ ಕೂತೆ. ನಿನ್ನ ಮಾತಿಗೆಲ್ಲ ಉತ್ತರ ನನ್ನ ಹತ್ತಿರ ಮೊದಲೇ ಇತ್ತು, ಕೊಟ್ಟೆ. ಉಪ್ಪಿನ ವಿಷಯಕ್ಕೆ ಸ್ವಲ್ಪ ಜಾಸ್ತಿಯೇ ಕೊಟ್ಟೆ. ಆಮೇಲೆ ಆ ಮೆಲ್ಲಗಿನ ಮಾತು ಬಂತು. ಈಗ ಅದರ ಅರ್ಥ ಗೊತ್ತಲ್ಲ. ನನ್ನ ಕೈ ಅರ್ಧಕ್ಕೆ ಎದ್ದು ಅಲ್ಲೇ ನಿಂತಿತು.

ಜಯಶೀಲ ಒಳಗಿಂದ ಬಂದು ಕೇಳಿದಳು, "ಯಾರತ್ರ ಮಾತಾಡೂದು ನೀವು?"

"ಜರ್ಮನಿಯವನತ್ರ."

"ಮತ್ತೆ ಎಂತ ಸುಮ್ಮನಾದದ್ದು? ಯಾರು ಗೆದ್ದದ್ದು?"

ಇಪ್ಪತ್ತೆರಡು ವರ್ಷದ ಸಂಸಾರದಲ್ಲಿ ಈ ಪ್ರಶ್ನೆಗೆ ನಾನು ಯಾವಾಗಲೂ ಒಂದೇ ಉತ್ತರ ಕೊಟ್ಟವನು. ನಿನ್ನೆ ಬೇರೆ ಕೊಟ್ಟೆ.

"ಅವನು" ಎಂದೆ.

ಅವನಿಗೆ ಇದನ್ನೂ ಬರೆ. ನಟ ಎಂದು ಕಟಪಾಡಿಯಲ್ಲಿ ಒಪ್ಪಿಗೆಯಾಗಿದೆ.

ಚೆನ್ನಪ್ಪ